ಕೋಲಾರದ ವೀರಗಲ್ಲುಗಳ ಸಾಕ್ಷ್ಯಚಿತ್ರ: ಊರಿನ ಹೆಸರು ಹಾಕಬೇಕಾ, ಬೇಡವಾ?

ಏರಿ ಮೇಲಿನ ಕ್ಯಾಮೆರಾ

ಎಲ್ಲರಿಗೂ ನಮಸ್ಕಾರ. ನಾನು ಕೋಲಾರದವನು. ಮದುವೆ, ನಾಮಕರಣದ ಶೂಟಿಂಗ್ ಮಾಡಿ ಜೀವನ ನಡೆಸುತ್ತೇನೆ. ಸೀಸನ್ ಇಲ್ಲದ ತಿಂಗಳುಗಳಲ್ಲಿ ಅದೇ ಕ್ಯಾಮೆರಾ ಬೈಕಿಗೆ ಕಟ್ಟಿಕೊಂಡು ಜಿಲ್ಲೆ ಸುತ್ತುತ್ತೇನೆ. ಕೆರೆ ಏರಿ, ಕೋಡಿ (ತುಂಬಿದ ನೀರು ಹೊರ ಹರಿಯುವ ಕಡೆ), ತೂಬುಗಳ (ಗದ್ದೆಗೆ ನೀರು ಬಿಡುವ ಬಾಯಿ) ಹತ್ತಿರ ನಿಂತಿರುವ ವೀರಗಲ್ಲು ಮತ್ತು ಶಾಸನಗಳ ಬಗ್ಗೆ ಒಂದು ಗಂಟೆಯ ಸಾಕ್ಷ್ಯಚಿತ್ರ ಮಾಡುತ್ತಿದ್ದೇನೆ. ದುಡ್ಡು ಹಾಕಿದವರು ಯಾರೂ ಇಲ್ಲ, ಹಾಗಾಗಿ ಬೇಗ ಮುಗಿಸು ಎನ್ನುವವರೂ ಇಲ್ಲ. ಶೂಟಿಂಗ್ ಬಹುಪಾಲು ಆಗಿದೆ, ಈಗ ಎಡಿಟಿಂಗ್‌ಗೆ ಕೂತಿದ್ದೇನೆ.

ಕೋಲಾರಮ್ಮ, ಆವನಿ, ಬೇತಮಂಗಲ ಎಲ್ಲರಿಗೂ ಗೊತ್ತಿರುವ ಜಾಗಗಳು. ಅವುಗಳ ಹೆಸರು ಹಾಕುವುದರಲ್ಲಿ ತಕರಾರಿಲ್ಲ. ತಲೆನೋವು ಉಳಿದವುಗಳದ್ದು. ಒಂದು ಉದಾಹರಣೆ ಹೇಳುತ್ತೇನೆ. ಊರಿನಿಂದ ಸ್ವಲ್ಪ ದೂರ, ಜಾಲಿ ಪೊದೆಯೊಳಗೆ ಎದೆಮಟ್ಟದ ಒಂದು ವೀರಗಲ್ಲು ಇದೆ. ಮೂರು ಹಂತದ ಕೆತ್ತನೆ. ಕೆಳಗೆ ಬಿಲ್ಲು ಹಿಡಿದವನು, ಅವನ ಹಿಂದೆ ದನಗಳ ಸಾಲು. ನಡುವೆ ಅಪ್ಸರೆಯರು ಅವನ ತೋಳು ಹಿಡಿದು ಮೇಲಕ್ಕೆ ಕರೆದೊಯ್ಯುತ್ತಿದ್ದಾರೆ. ಮೇಲೆ ಲಿಂಗದ ಮುಂದೆ ಕೈ ಮುಗಿದು ಕೂತಿದ್ದಾನೆ. ದನಗಳಲ್ಲಿ ಕೊನೆಯದು ಮಾತ್ರ ಕತ್ತು ತಿರುಗಿಸಿ ಹಿಂದೆ ನೋಡುತ್ತಿದೆ. ಕೆತ್ತಿದವನಿಗೆ ಯಾಕೆ ಹಾಗೆ ಅನ್ನಿಸಿತೋ! ಆ ಕಲ್ಲಿನ ಬುಡದಲ್ಲಿ ಒಂದು ಪಕ್ಕ ಮೊಣಕಾಲುದ್ದ ಹೊಸ ಗುಂಡಿ ಇತ್ತು. ಪಕ್ಕದಲ್ಲಿ ಕೊಯ್ದ ನಿಂಬೆಹಣ್ಣು, ಕುಂಕುಮ, ಅರ್ಧ ಉರಿದ ಕರ್ಪೂರ. ನಿಧಿಗಳ್ಳರ ಕೆಲಸ ಅಂತ ಬಿಡಿಸಿ ಹೇಳಬೇಕಾಗಿಲ್ಲ.

ನನ್ನ ಪ್ರಶ್ನೆ ಇಷ್ಟೇ. ಇಂಥ ಕಲ್ಲುಗಳು ತೆರೆ ಮೇಲೆ ಬಂದಾಗ ಊರಿನ ಹೆಸರು ಹಾಕಲೋ ಬೇಡವೋ? ಹಾಕು ಅಂತ ಊರಿನವರೇ ಹೇಳುತ್ತಾರೆ. "ನಮ್ಮೂರ ಹೆಸರು ಟೀವೀಲಿ ಬರಲಿ ಬಿಡಪ್ಪಾ" ಅಂದರು ಒಬ್ಬ ತಾತ. ನನಗೆ ಕೈ ಬರುತ್ತಿಲ್ಲ.

ಮುಳಬಾಗಿಲು ಮಸಾಲೆ

ದಯವಿಟ್ಟು ಹಾಕಬೇಡಿ ಅಣ್ಣಾ. ನಮ್ಮ ಕಡೆ ಆಗಿದ್ದನ್ನು ಹೇಳುತ್ತೇನೆ, ಊರು ಮಾತ್ರ ಕೇಳಬೇಡಿ. ಒಬ್ಬ ಬಂದ, ಡ್ರೋನ್ ಹಾರಿಸಿದ, ಗುಡ್ಡದ ಮೇಲಿನ ಪಾಳು ಗುಡಿ ತೋರಿಸಿದ. ವಿಡಿಯೋ ಮುಖಚಿತ್ರದಲ್ಲಿ ಚಿನ್ನದ ನಾಣ್ಯ ತುಂಬಿದ ಮಡಕೆ. ಅಲ್ಲಿ ಮಡಕೆಯೂ ಇಲ್ಲ, ಮಣ್ಣಾಂಗಟ್ಟಿಯೂ ಇಲ್ಲ. ಕೆಳಗೆ ಮ್ಯಾಪ್ ಲಿಂಕ್ ಬೇರೆ. ಅಮಾವಾಸ್ಯೆ ಕಳೆದ ಮೇಲೆ ಹೋಗಿ ನೋಡಿದರೆ ಬಾಗಿಲ ಮುಂದಿನ ಕಲ್ಲು ಮಗುಚಿ ಬಿದ್ದಿತ್ತು. ಲಿಂಗದ ಪೀಠ ಎರಡು ಹೋಳು. ಅವನಿಗೆ ಲಕ್ಷಗಟ್ಟಲೆ ವೀಕ್ಷಣೆ ಸಿಕ್ಕಿತು. ನಮ್ಮೂರಿಗೆ ಗುಂಡಿ ಸಿಕ್ಕಿತು.

ಶಾಸನಪ್ರಿಯೆ

ಮುಳಬಾಗಿಲಿನವರ ಸಿಟ್ಟು ಅರ್ಥವಾಗುತ್ತದೆ. ಆದರೆ ಹೆಸರು ಮುಚ್ಚಿಟ್ಟರೆ ಕಲ್ಲು ಉಳಿಯುತ್ತದೆ ಅನ್ನುವುದನ್ನು ನಾನು ಒಪ್ಪುವುದಿಲ್ಲ.

ಶಾಸನಗಳನ್ನು ಹುಡುಕಿ ಅಚ್ಚು ಮಾಡಿಸಿದ ಬಿ. ಎಲ್. ರೈಸ್ ಅವರ ಶಾಸನ ಸಂಗ್ರಹ ಎಪಿಗ್ರಾಫಿಯಾ ಕರ್ನಾಟಿಕಾದ 10ನೇ ಸಂಪುಟ ಕೋಲಾರ ಜಿಲ್ಲೆಯದು. ಬಂದದ್ದು 1905ರಲ್ಲಿ. ಆಗ ಚಿಕ್ಕಬಳ್ಳಾಪುರವೂ ಇದೇ ಜಿಲ್ಲೆಯಲ್ಲಿತ್ತು. ತಾಲ್ಲೂಕುವಾರು, ಊರುವಾರು, ಶಾಸನ ಎಲ್ಲಿದೆ ಅಂತ ಬರೆದಿದ್ದಾರೆ: ಕೆರೆ ಏರಿಯ ಮೇಲೆ, ಇಂಥ ದಿಕ್ಕಿನ ಹೊಲದಲ್ಲಿ, ಇಂಥ ಗುಡಿಯ ಮುಂದೆ ಅಂತ. ಇವತ್ತು ಅದರ ಸ್ಕ್ಯಾನ್ ಪ್ರತಿ ಯಾರು ಬೇಕಾದರೂ ಪುಕ್ಕಟೆ ಇಳಿಸಿಕೊಳ್ಳಬಹುದು. ನೂರು ವರ್ಷಕ್ಕೂ ಮೇಲಾಯಿತು ಈ ವಿಳಾಸಗಳು ಬಯಲಾಗಿ.

ಆ ಪಟ್ಟಿ ಹಿಡಿದು ಹುಡುಕಲು ಹೊರಟರೆ ಎಷ್ಟೋ ಕಲ್ಲುಗಳು ಜಾಗದಲ್ಲಿ ಇರುವುದಿಲ್ಲ. ಎಲ್ಲವನ್ನೂ ನಿಧಿಗಳ್ಳರೇ ಹೊತ್ತುಕೊಂಡು ಹೋದರಾ? ಇಲ್ಲ. ರಸ್ತೆ ಅಗಲ ಮಾಡುವಾಗ ಮಣ್ಣಿನಡಿ ಹೋದವು. ಮನೆ ಪಾಯಕ್ಕೆ ಹೋದವು. ಹೊಲದ ಚರಂಡಿಗೆ ಸೇತುವೆಯಾದವು. ಒಂದು ಶಾಸನದ ಮೇಲೆ ಒಬ್ಬರು ಬಟ್ಟೆ ಒಗೆಯುತ್ತಿದ್ದುದನ್ನು ನಾನೇ ನೋಡಿದ್ದೇನೆ, ಅಕ್ಷರದ ಮೇಲೆಯೇ ಸೋಪು ಉಜ್ಜುತ್ತಿದ್ದರು. ಅವರ ತಪ್ಪಲ್ಲ. ಅದರಲ್ಲಿ ಏನಿದೆ ಅಂತ ಅವರಿಗೆ ಯಾರೂ ಹೇಳಿರಲಿಲ್ಲ. ಕಲ್ಲು ಇದೆ ಅಂತಲೇ ಗೊತ್ತಿಲ್ಲದಿದ್ದರೆ, ಅದು ಹೋದಾಗ ಕೇಳುವವರು ಯಾರು?

ಮುಳಬಾಗಿಲು ಮಸಾಲೆ

ಮೇಡಂ, ರೈಸ್ ಸಾಹೇಬರ ಪುಸ್ತಕ ಓದಿ ಯಾವ ಕಳ್ಳ ಗುದ್ದಲಿ ಎತ್ತಿಕೊಂಡು ಹೊರಡುತ್ತಾನೆ? ಫೋನಿನಲ್ಲಿ ಬರುವ ವಿಡಿಯೋ ಬೇರೆ.

ಶಾಸನಪ್ರಿಯೆ

ಅದೂ ನಿಜವೇ. ಹಾಗಾದರೆ ಕೆಟ್ಟ ವಿಡಿಯೋಗೆ ಉತ್ತರ ಒಳ್ಳೆಯ ವಿಡಿಯೋ ಆಗಬೇಕಲ್ವಾ?

ಕಳ್ಳರು ಯಾವುದನ್ನು ನೋಡಿ ಅಗೆಯುತ್ತಾರೆ ಗೊತ್ತಾ? ಕಲ್ಲಿನ ನೆತ್ತಿಯಲ್ಲಿರುವ ಸೂರ್ಯ ಚಂದ್ರ. ಅದು ನಿಧಿಯ ಗುರುತು, ನೆರಳು ಬೀಳುವ ಕಡೆ ಇಷ್ಟು ಹೆಜ್ಜೆ ಅಗೆಯಬೇಕು ಅಂತೆಲ್ಲ ಕಥೆ ಕಟ್ಟುತ್ತಾರೆ. ಸೂರ್ಯ ಚಂದ್ರರು ಇರುವವರೆಗೂ ಈ ದಾನ ನಡೆಯಲಿ, ಈ ವೀರನ ಹೆಸರು ಉಳಿಯಲಿ ಅನ್ನುವುದಕ್ಕೆ ಅವುಗಳನ್ನು ಕೆತ್ತಿರುವುದು. ಹಸು ಕರು ಇದ್ದರೂ ಅದೇ ತರಹ. ಕತ್ತೆಯ ಚಿತ್ರ ಇದ್ದರೆ ಅದು ದಾನ ಕೆಡಿಸಿದವನಿಗೆ ಹಾಕಿದ ಶಾಪ. ಇಡೀ ಕಲ್ಲಿನಲ್ಲಿ ಎಲ್ಲೂ ಹೂತಿಟ್ಟ ಚಿನ್ನದ ಮಾತಿಲ್ಲ. ದನ ಬಿಡಿಸಲು ಹೋಗಿ ಸತ್ತವನ ಮನೆಯವರಿಗೆ ಹೊಲ ಕೊಟ್ಟ ಲೆಕ್ಕ ಇರುತ್ತದೆ, ಅಷ್ಟೇ. ಇದನ್ನು ಚಿತ್ರದಲ್ಲಿ ಬಿಡಿಸಿ ಹೇಳಿ. ನೀವು ಹೆಸರು ಹಾಕಿ ಅಥವಾ ಬಿಡಿ. ಇದನ್ನಂತೂ ಹೇಳಲೇಬೇಕು.

ಊರಿಗಾಂ ಲೈನ್

ಚರ್ಚೆ ನಡುವೆ ಒಂದು ಕೇಳುತ್ತೇನೆ. ಕೋಲಾರ ಜಿಲ್ಲೆಯ ಮರೆತ ಜಾಗಗಳ ಸಿನಿಮಾ ಅಂತೀರಿ, ಕೆಜಿಎಫ್ ಚಿನ್ನದ ಗಣಿ ಇಲ್ವಾ?

ಏರಿ ಮೇಲಿನ ಕ್ಯಾಮೆರಾ

ಬೇಕಂತಲೇ ಬಿಟ್ಟಿದ್ದೇನೆ ಅಣ್ಣಾ. ಬೆಂಗಳೂರಿಂದ ಬರುವ ಪ್ರತಿ ಕ್ಯಾಮೆರಾ ನೇರ ಅಲ್ಲಿಗೇ ಹೋಗುತ್ತದೆ. ತುಕ್ಕು ಹಿಡಿದ ಶಾಫ್ಟ್, ಸೈನೈಡ್ ಗುಡ್ಡದ (ಚಿನ್ನ ತೆಗೆದು ಉಳಿದ ಮಣ್ಣಿನ ರಾಶಿ) ಮೇಲೆ ಸೂರ್ಯಾಸ್ತ, ಹಿನ್ನೆಲೆಯಲ್ಲಿ ಗಡಸು ದನಿ. ಅದನ್ನೇ ನಾನೂ ಯಾಕೆ ತೆಗೆಯಲಿ?

ಊರಿಗಾಂ ಲೈನ್

ಅದಕ್ಕೇ ಕೇಳಿದ್ದು. ನಾನು ಹುಟ್ಟಿದ್ದು ಅಲ್ಲಿನ ಲೈನ್ ಮನೆಯಲ್ಲಿ, ಅಂದರೆ ಗಣಿ ಕಾರ್ಮಿಕರ ಸಾಲುಮನೆಯಲ್ಲಿ. ತಾತ ಚಾಂಪಿಯನ್ ರೀಫ್ ಗಣಿಯಲ್ಲಿ ಅಂಡರ್‌ಗ್ರೌಂಡ್ ಕೆಲಸ, ಅಪ್ಪನೂ ಅಲ್ಲೇ. ಮನೆ ಮಾತು ತಮಿಳು, ಶಾಲೆ ಕನ್ನಡ. ಆ ಗಣಿ 3 ಕಿಲೋಮೀಟರಿಗೂ ಜಾಸ್ತಿ ಆಳ. ಕೆಳಗೆ ಬಂಡೆ ಸಿಡಿದರೆ ಮೇಲೆ ನಮ್ಮ ಮನೆಯ ಪಾತ್ರೆ ಅಲುಗಾಡುತ್ತಿತ್ತು. ಅಂಥ ಹೊತ್ತಿನಲ್ಲಿ ಯಾರೂ ಮಾತಾಡುತ್ತಿರಲಿಲ್ಲ, ಹೆಂಗಸರು ಸುಮ್ನೆ ಎದ್ದು ಶಾಫ್ಟ್ ಕಡೆ ನಡೆಯುತ್ತಿದ್ದರು. 2001ರ ಫೆಬ್ರವರಿ 28ಕ್ಕೆ ಎಲ್ಲ ನಿಂತಿತು. ಈಗ ಬರುವ ಕ್ಯಾಮೆರಾಗಳಿಗೆ ಇದು ಬೇಡ. ಅವರಿಗೆ ಸಿನಿಮಾ ಕೆಜಿಎಫ್ ಬೇಕು.

ನಿಮ್ಮ ಚಿತ್ರ ಕೆರೆಗಳದ್ದು ಅಂದಿರಲ್ಲ, ಅದಕ್ಕೆ ಒಂದು ಕೊಂಡಿ ಕೊಡುತ್ತೇನೆ. 1902ರಲ್ಲಿ ಶಿವನಸಮುದ್ರದಿಂದ ಹತ್ತಿರ ಹತ್ತಿರ 150 ಕಿಲೋಮೀಟರ್ ತಂತಿ ಎಳೆದು ಗಣಿಗೆ ಕರೆಂಟ್ ತಂದ ಕಥೆ ಎಲ್ಲರಿಗೂ ಗೊತ್ತು. ನೀರು ಎಲ್ಲಿಂದ ಬಂತು? ಬೇತಮಂಗಲದ ಕೆರೆಯಿಂದ. ಪಾಲಾರ್ ನದಿಯ ನೀರು. ಇಂಗ್ಲಿಷರ ಬಂಗಲೆಗೂ ಅದೇ, ನಮ್ಮ ಲೈನ್‌ಗೂ ಅದೇ.

ಏರಿ ಮೇಲಿನ ಕ್ಯಾಮೆರಾ

ಅಣ್ಣಾ, ಇದು ಬಂಗಾರದಂಥ ಮಾತು. ಬೇತಮಂಗಲಕ್ಕೆ ಶಾಸನಗಳಲ್ಲಿ ವಿಜಯಾದಿತ್ಯಮಂಗಲ ಅನ್ನುವ ಹೆಸರಿದೆ, ಬಾಣ ವಂಶದ ಅರಸನ ಹೆಸರಿನದು. ಒಡೆದ ಆ ಕೆರೆಯನ್ನು ನೊಳಂಬ ಅರಸರ ಕಾಲದಲ್ಲಿ ಮತ್ತೆ ಕಟ್ಟಿದರು. ಅದೇ ಕೆರೆ ಸಾವಿರ ವರ್ಷದ ಮೇಲೆ ಗಣಿ ಕಾರ್ಮಿಕರಿಗೆ ನೀರು ಕೊಟ್ಟಿತು ಅಂದರೆ, ಕೆಜಿಎಫ್ ನನ್ನ ಚಿತ್ರದೊಳಗೆ ತಾನೇ ಬಂದ ಹಾಗಾಯಿತು. ನಲ್ಲಿಯ ಕಥೆ ಹೇಳುವ ಹಿರಿಯರು ನಿಮ್ಮ ಲೈನ್‌ನಲ್ಲಿ ಯಾರಾದರೂ ಇದ್ದರೆ ಬರುತ್ತೇನೆ. ಶಾಫ್ಟ್ ಕಡೆ ಕ್ಯಾಮೆರಾ ತಿರುಗಿಸುವುದಿಲ್ಲ, ಮಾತು ಕೊಡುತ್ತೇನೆ.

ಊರಿಗಾಂ ಲೈನ್

ಬನ್ನಿ. ನಮ್ಮ ಅತ್ತೆ ಇದ್ದಾರೆ. ನಲ್ಲಿ ಜಗಳದ ಕಥೆಯೇ ಒಂದು ಗಂಟೆ ಆಗುತ್ತದೆ, ನಿಮ್ಮ ವೀರರೆಲ್ಲ ಆಚೆ ಹೋಗಬೇಕಾಗುತ್ತದೆ.

ಚಿಂತಾಮಣಿ ಪ್ಯಾಸೆಂಜರ್

ವಿಷಯಾಂತರಕ್ಕೆ ಕ್ಷಮೆ ಇರಲಿ. ಮುಂದಿನ ಚಿತ್ರಕ್ಕೆ ನನ್ನ ಅರ್ಜಿ: ಬಂಗಾರಪೇಟೆಯಿಂದ ಕೋಲಾರ, ಶ್ರೀನಿವಾಸಪುರ, ಚಿಂತಾಮಣಿ, ಶಿಡ್ಲಘಟ್ಟ, ಚಿಕ್ಕಬಳ್ಳಾಪುರ ದಾಟಿ ಯಲಹಂಕಕ್ಕೆ ಹೋಗುತ್ತಿದ್ದ ಎರಡೂವರೆ ಅಡಿ ಅಗಲದ ಹಳಿಯ ರೈಲು. ಕೋಲಾರದ ತುಂಡು 1913ರದ್ದು. ಓಡುವ ರೈಲಿನಿಂದ ಇಳಿದು, ಹುಣಸೆಕಾಯಿ ಕಿತ್ತುಕೊಂಡು, ಮತ್ತೆ ಹತ್ತುತ್ತಿದ್ದೆವು ಅಂತ ನಮ್ಮ ತಂದೆ ಹೇಳುತ್ತಿದ್ದರು. ಎಷ್ಟು ನಿಜವೋ! ಕೋಲಾರದಿಂದ ಚಿಕ್ಕಬಳ್ಳಾಪುರದವರೆಗೆ ಬ್ರಾಡ್‌ಗೇಜ್ ಓಡಿದ್ದು 2013ರಲ್ಲಿ. ನಂದಿ ಹಾಲ್ಟ್ ನಿಲ್ದಾಣದ ಹಳೆಯ ಕಟ್ಟಡವನ್ನು ಪರಂಪರೆ ಉಳಿಸುವ ಸಂಸ್ಥೆ ಇಂಟ್ಯಾಕ್‌ನವರು ಚೆನ್ನಾಗಿ ರಿಪೇರಿ ಮಾಡಿದ್ದಾರೆ. ಹೋಗಿ ನೋಡಿ.

ಶಿರಾ ರಸ್ತೆ

ರೈಲು ಆಮೇಲೆ. ನಾನು ತುಮಕೂರು ಕಡೆಯವನು. ಕಲ್ಲು ಉಳಿಸುವ ಉತ್ಸಾಹದಲ್ಲಿ ಆಗುವ ಇನ್ನೊಂದು ಅನಾಹುತ ಯಾರೂ ಹೇಳಲಿಲ್ಲ. ನಮ್ಮೂರಲ್ಲಿ ಶಾಸನ ಇದೆ ಅಂತ ಪೇಪರ್‌ನಲ್ಲಿ ಬಂದ ಮೇಲೆ ಹುಡುಗರು ಸೇರಿ ಅದನ್ನು ಗುಡಿ ಅಂಗಳಕ್ಕೆ ತಂದರು. ಸಿಮೆಂಟ್ ಕಟ್ಟೆ ಕಟ್ಟಿ, ಕೆಳಗಿನ ನಾಲ್ಕು ಸಾಲು ಸಿಮೆಂಟಿನೊಳಗೆ ಹೂತರು. ಅಷ್ಟಕ್ಕೇ ನಿಲ್ಲಲಿಲ್ಲ. ಹಳದಿ ಆಯಿಲ್ ಪೇಂಟ್ ಬಳಿದು, ಅಕ್ಷರಗಳಿಗೆ ಕೆಂಪು ತುಂಬಿದರು. ತುಂಬಿದವನಿಗೆ ಹಳಗನ್ನಡ ಲಿಪಿ ಬರುವುದಿಲ್ಲ. ಗೀರಿದ್ದ ಕಡೆಯೆಲ್ಲ ಅಕ್ಷರ, ಅಕ್ಷರ ಇದ್ದ ಕಡೆ ಬಯಲು. ಈಗ ಅದು ಯಾವ ಭಾಷೆಯೂ ಅಲ್ಲ. ಭಕ್ತಿ ಮಾತ್ರ ನೂರಕ್ಕೆ ನೂರು.

ಹೀಗಾಗಿ ಚಿತ್ರ ತೋರಿಸುವಾಗ "ಕಲ್ಲನ್ನು ಕದಲಿಸಬೇಡಿ, ಬಣ್ಣ ಬಳಿಯಬೇಡಿ" ಅಂತ ಒಂದು ಮಾತು ಸೇರಿಸಿ. ಇದ್ದ ಜಾಗವೂ ಶಾಸನದ ಭಾಗವೇ. ಕೋಡಿ ಹತ್ತಿರದ ಕಲ್ಲನ್ನು ಗುಡಿಗೆ ತಂದರೆ ಅದು ಯಾವ ಕೆರೆಗೆ ಸೇರಿದ್ದು ಅನ್ನುವ ಗುರುತೇ ಹೋಯಿತು.

ಶಾಸನಪ್ರಿಯೆ

ನೂರು ಸಲ ಹೌದು. ಓದಲು ಮೈದಾ, ಚಾಕ್‌ಪೀಸ್ ಉಜ್ಜುವುದೂ ಬೇಡ. ಬೆಳಿಗ್ಗೆ ಏಳೂವರೆಗೆ ಅಥವಾ ಸಂಜೆ ಓರೆ ಬಿಸಿಲಲ್ಲಿ ಹೋಗಿ, ಸವೆದ ಅಕ್ಷರವೂ ಎದ್ದು ಕಾಣುತ್ತದೆ. ಇಲ್ಲದಿದ್ದರೆ ರಾತ್ರಿ ಟಾರ್ಚನ್ನು ಪಕ್ಕದಿಂದ, ಕಲ್ಲಿಗೆ ಅಂಟಿದ ಹಾಗೆ ಹಿಡಿದು ನೋಡಿ. ಬೆಂಗಳೂರಿನ ಶಾಸನಗಳನ್ನು ಮಿಥಿಕ್ ಸೊಸೈಟಿಯವರು ಮೂರು ಆಯಾಮದಲ್ಲಿ ಸ್ಕ್ಯಾನ್ ಮಾಡುತ್ತಿದ್ದಾರೆ, ಕಣ್ಣಿಗೆ ಕಾಣದ ಅಕ್ಷರವೂ ಅದರಲ್ಲಿ ಸಿಗುತ್ತದೆ. ನಮ್ಮ ಕಡೆಗೂ ಅಂಥ ಕೆಲಸ ದೊಡ್ಡದಾಗಿ ಆಗಬೇಕು.

ಮುಳಬಾಗಿಲು ಮಸಾಲೆ

ರಾತ್ರಿ ಟಾರ್ಚ್ ಹಿಡಿದು ಕಲ್ಲಿನ ಹತ್ತಿರ ಹೋದರೆ ಊರಿನವರು ನಿಮ್ಮನ್ನೇ ನಿಧಿಗಳ್ಳರು ಅಂತ ಕಂಬಕ್ಕೆ ಕಟ್ಟುತ್ತಾರೆ ಮೇಡಂ 😄

ಶಾಸನಪ್ರಿಯೆ

ಅದಕ್ಕೇ ಊರಿನವರನ್ನು ಜೊತೆಗೆ ಕರೆದುಕೊಂಡೇ ಹೋಗುವುದು. ತಮ್ಮೂರ ಕಲ್ಲಿನಲ್ಲಿ ಅಕ್ಷರ ಎದ್ದು ಬರುವುದನ್ನು ಒಂದು ಸಲ ನೋಡಿದವರು ಅದನ್ನು ಅಗೆಯಲು ಬಿಡುವುದಿಲ್ಲ.

ನೀರುಗಂಟಿ ಮೊಮ್ಮಗ

ತಡವಾಗಿ ಬಂದೆ. ನಮ್ಮ ತಾತ ಕೆರೆಯ ನೀರುಗಂಟಿ. ತೂಬು ಎತ್ತುವುದು, ಅಚ್ಚುಕಟ್ಟಿನಲ್ಲಿ ಯಾರ ಗದ್ದೆಗೆ ಯಾವಾಗ ನೀರು ಅಂತ ನೋಡುವುದು, ರಾತ್ರಿ ಸನಿಕೆ ಹಿಡಿದು ಕಾಲುವೆ ಕಾಯುವುದು ಅವರ ಕೆಲಸ. ಸುಗ್ಗಿಯಲ್ಲಿ ಕಣಕ್ಕೆ ಹೋದರೆ ಪ್ರತಿ ಮನೆಯವರು ಇಷ್ಟು ಅಂತ ಧಾನ್ಯ ಅಳೆದು ಹಾಕುತ್ತಿದ್ದರು. ಶಾಸನಗಳಲ್ಲಿ ಬರುವ ಕಟ್ಟುಗೊಡಗೆ ಇದರ ದೊಡ್ಡಣ್ಣ: ಕೆರೆ ಕಟ್ಟಿದವನಿಗೆ ಅಥವಾ ನೋಡಿಕೊಳ್ಳುವವನಿಗೆ ಕೆರೆ ಕೆಳಗೆ ಗದ್ದೆ ಬಿಟ್ಟುಕೊಡುವುದು. ಊರಿನ ದುಡ್ಡಲ್ಲಿ ಕೆರೆ ಬದುಕುತ್ತಿತ್ತು. ಬೋರ್‌ವೆಲ್ ಬಂತು, ತೂಬು ಯಾರಿಗೂ ಬೇಡವಾಯಿತು, ನೀರುಗಂಟಿಯೂ ಬೇಡವಾದ.

ನಿಮ್ಮ ಚಿತ್ರಕ್ಕೆ ಒಂದು ತುರ್ತು ಮಾತು. 2018ರಿಂದ ಕೆಸಿ ವ್ಯಾಲಿ ನೀರು ಬರುತ್ತಿದೆಯಲ್ಲ, ಬೆಂಗಳೂರಿನ ಚರಂಡಿ ನೀರನ್ನು ಸಂಸ್ಕರಿಸಿ ನಮ್ಮ ಕೆರೆಗಳಿಗೆ ಬಿಡುವುದು. ವರ್ಷಗಟ್ಟಲೆ ಒಣಗಿದ್ದ ಕೆರೆಗಳು ತುಂಬಿವೆ. ಮೂರನೇ ಹಂತದ ಶುದ್ಧೀಕರಣ ಆಗಿಲ್ಲ ಅನ್ನುವ ಜಗಳ ಒಂದು ಕಡೆ ಇದ್ದೇ ಇದೆ, ಅದನ್ನು ಇಲ್ಲಿ ಎಳೆಯುವುದು ಬೇಡ. ನಾನು ಹೇಳುವುದು ಕಲ್ಲಿನ ಬಗ್ಗೆ. ಕೆರೆ ಬತ್ತಿದ್ದಾಗ ಅಂಗಳದಲ್ಲಿ ಕಾಣುತ್ತಿದ್ದ ಹಳೇ ತೂಬಿನ ಕಂಬಗಳು, ಅದರ ಮೇಲಿನ ಕೆತ್ತನೆ ಈಗ ನೀರೊಳಗೆ. ಅದರಿಂದ ತೊಂದರೆ ಇಲ್ಲ, ಕಲ್ಲು ನೀರಲ್ಲಿ ಸುಖವಾಗಿರುತ್ತದೆ. ಅಪಾಯ ಇರುವುದು ಹೂಳು ತೆಗೆಯುವ ಜೆಸಿಬಿಯಿಂದ. ಡ್ರೈವರ್ ಪಾಪ ಬೇರೆ ಜಿಲ್ಲೆಯವನು. ಕಲ್ಲು ಅಡ್ಡ ಬಂದರೆ ಬಕೆಟ್‌ನಲ್ಲಿ ಎತ್ತಿ ಏರಿಯ ಆಚೆ ಎಸೆಯುತ್ತಾನೆ. ಹೂಳು ತೆಗೆಯುವ ಮುಂಚೆ ಪಂಚಾಯ್ತಿಯ ಕೈಯಲ್ಲಿ ಆ ಕೆರೆಯ ಕಲ್ಲುಗಳ ಪಟ್ಟಿ ಇದ್ದರೆ? ಇಂಥ ಕಡೆ ಹೆಸರು ಬೇಕೇ ಬೇಕು ಸ್ವಾಮಿ. ಹೆಸರಿಲ್ಲದ ಪಟ್ಟಿ ಇಟ್ಟುಕೊಂಡು ಯಾವ ಕೆರೆಗೆ ಹೋಗುವುದು?

ಮುಳಬಾಗಿಲು ಮಸಾಲೆ

ಪಂಚಾಯ್ತಿಗೆ ಕೊಡುವುದಕ್ಕೆ ನನ್ನ ತಕರಾರಿಲ್ಲ. ಯೂಟ್ಯೂಬಿಗೆ ಕೊಡುವುದಕ್ಕೆ ಇದೆ.

ಕಪ್ಪು ಬಿಳುಪು

ಎಡಿಟಿಂಗ್ ಕೆಲಸ ಮಾಡುವವನು ನಾನು. ಹೆಸರು ಹಾಕಬಾರದು ಅಂತ ತೀರ್ಮಾನಿಸಿದರೆ ತೆರೆ ಮೇಲಿನ ಹೆಸರಿನ ಪಟ್ಟಿ ತೆಗೆದರಷ್ಟೇ ಸಾಲದು. ಡ್ರೋನ್ ಶಾಟ್‌ನಲ್ಲಿ ಕೆರೆಯ ಆಕಾರ ಪೂರ್ತಿ ಕಂಡರೆ ಉಪಗ್ರಹ ನಕ್ಷೆಯಲ್ಲಿ ಹತ್ತು ನಿಮಿಷದಲ್ಲಿ ಹುಡುಕುತ್ತಾರೆ. ಹಿಂದೆ ಗುಡ್ಡದ ಸಾಲು ಇದ್ದರೂ ಅಷ್ಟೇ. ಶಾಲೆಯ ಗೋಡೆ ಬರಹ, ಹಾಲಿನ ಡೇರಿ ಬೋರ್ಡು, ಬಸ್ಸಿನ ಹಣೆಪಟ್ಟಿ ನೋಡಿಕೊಳ್ಳಿ. ಶಬ್ದವನ್ನೂ ಕೇಳಿಸಿಕೊಳ್ಳಿ. ಒಂದು ಚಿತ್ರದಲ್ಲಿ ಊರಿನ ಹೆಸರು ಮುಚ್ಚಿದ್ದೆವು, ಹಿಂದಿನಿಂದ ಗುಡಿಯ ಮೈಕು ಊರ ಹೆಸರು ಸಮೇತ ಜಾತ್ರೆಗೆ ಕರೆಯುತ್ತಿತ್ತು! ಫೋನಿನಲ್ಲಿ ತೆಗೆದ ಫೋಟೋ ಹಾಕುವುದಾದರೆ ಅದರೊಳಗಿನ ಜಿಪಿಎಸ್ ಗುರುತು ಅಳಿಸಿ.

ಡ್ರೋನ್ ಅಂದಮೇಲೆ ನೆನಪಾಯಿತು. ಹಾರಿಸುವ ಮುಂಚೆ ಎಲ್ಲಿ ಹಾರಿಸಬಹುದು ಅಂತ ತೋರಿಸುವ ಸರ್ಕಾರದ ಡಿಜಿಟಲ್ ಸ್ಕೈ ನಕ್ಷೆಯಲ್ಲಿ ಆ ಜಾಗ ಹಸಿರೋ ಹಳದಿಯೋ ಕೆಂಪೋ ನೋಡಿದಿರಿ ತಾನೆ? ಕೋಲಾರಮ್ಮ, ಸೋಮೇಶ್ವರ, ಆವನಿ ಗುಡಿಗಳು ಮೂರೂ ಕೇಂದ್ರ ಪುರಾತತ್ವ ಇಲಾಖೆಯವು. ಅಲ್ಲಿ ಚಿತ್ರೀಕರಣಕ್ಕೆ ಮೊದಲೇ ಅನುಮತಿ ಬೇಕು.

ಏರಿ ಮೇಲಿನ ಕ್ಯಾಮೆರಾ

ಡ್ರೋನ್ ಬಳಸಿಲ್ಲ, ಬಾಡಿಗೆ ಕೇಳಿಯೇ ತಲೆ ತಿರುಗಿತು. ಅನುಮತಿ ಇಲ್ಲದ ಕಡೆ ಟ್ರೈಪಾಡ್ ಇಳಿಸಿಲ್ಲ.

ಆವನಿ ಬಗ್ಗೆ ಒಂದು ಮಾತು. ಅಲ್ಲಿ ಯಾರನ್ನು ಕೇಳಿದರೂ ಸೀತಮ್ಮ, ಲವ ಕುಶ, ವಾಲ್ಮೀಕಿ. ಬೆಟ್ಟದ ಮೇಲೆ ಸೀತೆಯ ಗುಡಿಗೆ ಮಕ್ಕಳಾಗಲಿ ಅಂತ ಹರಕೆ ಹೊತ್ತು ಹತ್ತುತ್ತಾರೆ. ಕೆಳಗೆ 10ನೇ ಶತಮಾನದ ಶಾಸನ ಬೇರೆ ಕಥೆ ಹೇಳುತ್ತದೆ. ತ್ರಿಭುವನಕರ್ತ ಅನ್ನುವ ಒಬ್ಬ ಶೈವ ಗುರು ಇದ್ದ. 40 ವರ್ಷ ಆ ಸ್ಥಾನ ನಡೆಸಿದ, 50 ಗುಡಿ ಕಟ್ಟಿಸಿದ, 2 ದೊಡ್ಡ ಕೆರೆ ಕಟ್ಟಿಸಿದ. ಗುರುವಿನ ಸಾಧನೆಯ ಪಟ್ಟಿಯಲ್ಲಿ ಗುಡಿಗಳ ಪಕ್ಕದಲ್ಲೇ ಕೆರೆ! ನನ್ನ ಚಿತ್ರದ ಹುಚ್ಚು ಶುರುವಾಗಿದ್ದೇ ಆ ಸಾಲಿನಿಂದ. ಎರಡು ಕಥೆಯಲ್ಲಿ ಯಾವುದನ್ನು ಇಡಲಿ ಅಂತ ಗೆಳೆಯರು ಕೇಳುತ್ತಾರೆ. ಎರಡನ್ನೂ ಇಟ್ಟಿದ್ದೇನೆ. ಹರಕೆಯ ಅಜ್ಜಿಯ ಮಾತು ಮುಗಿದ ತಕ್ಷಣ ಶಾಸನದ ಓದು ಬರುತ್ತದೆ. ನಡುವೆ ನಾನು ಬಾಯಿ ಹಾಕುವುದಿಲ್ಲ.

ಶಿರಾ ರಸ್ತೆ

ಅದೇ ಸರಿ. ನಿರೂಪಕ ಬಂದು "ಆದರೆ ಇತಿಹಾಸ ಹೇಳುವುದೇ ಬೇರೆ" ಅಂದ ಕೂಡಲೇ ನಾನು ಚಾನೆಲ್ ಬದಲಿಸುತ್ತೇನೆ.

ನೀರುಗಂಟಿ ಮೊಮ್ಮಗ

ಕಾನೂನಿನ ಮಾತನ್ನೂ ಒಂದು ಸಾಲು ಹಾಕಿ. ನಿಧಿ ಸಿಕ್ಕರೆ ಸಿಕ್ಕವನದ್ದು ಅಂತ ನಮ್ಮ ಹಳ್ಳಿಗಳಲ್ಲಿ ಇನ್ನೂ ನಂಬುತ್ತಾರೆ. 1878ರ ನಿಧಿ ಕಾಯ್ದೆ ಪ್ರಕಾರ ನೆಲದಲ್ಲಿ ಸಿಕ್ಕಿದ್ದು 10 ರೂಪಾಯಿಗಿಂತ ಜಾಸ್ತಿ ಬೆಲೆಯದಾದರೆ ಜಿಲ್ಲಾಧಿಕಾರಿಗೆ ತಿಳಿಸಲೇಬೇಕು. ಮುಚ್ಚಿಟ್ಟರೆ ಶಿಕ್ಷೆ.

ಏರಿ ಮೇಲಿನ ಕ್ಯಾಮೆರಾ

ಎಲ್ಲರ ಮಾತು ಓದಿದೆ. ಎರಡು ರಾತ್ರಿ ಟೈಮ್‌ಲೈನ್ ಮುಂದೆ ಕೂತೆ. ಹೀಗೆ ಮಾಡುತ್ತೇನೆ.

ರೈಸ್ ಪುಸ್ತಕದಲ್ಲಿ ಆಗಲೇ ಇರುವ ಶಾಸನಗಳಿಗೆ ಊರಿನ ಹೆಸರು, ಶಾಸನದ ಸಂಖ್ಯೆ ಎರಡೂ ಹಾಕುತ್ತೇನೆ. ಯಾವ ಪಟ್ಟಿಯಲ್ಲೂ ಸಿಗದ, ಒಂಟಿಯಾಗಿ ಹೊರಗೆ ನಿಂತ ವೀರಗಲ್ಲುಗಳಿಗೆ ತಾಲ್ಲೂಕಿನ ಹೆಸರು ಮಾತ್ರ. ಆ ಕಲ್ಲುಗಳ ಪೂರ್ತಿ ಪಟ್ಟಿ, ಫೋಟೋ, ಎಲ್ಲಿದೆ ಅನ್ನುವ ವಿವರ ಬರೆದು ಆಯಾ ಪಂಚಾಯ್ತಿಗೂ ರಾಜ್ಯ ಪುರಾತತ್ವ ಇಲಾಖೆಗೂ ಕೊಟ್ಟು, ಸ್ವೀಕೃತಿ ಸೀಲು ಹಾಕಿಸಿಕೊಂಡು ಬರುತ್ತೇನೆ. ಸೂರ್ಯ ಚಂದ್ರರ ವಿಷಯ ಚಿತ್ರದ ಮೊದಲ ಹತ್ತು ನಿಮಿಷದೊಳಗೆ ಬರುತ್ತದೆ. ಯೂಟ್ಯೂಬಿಗೆ ಹಾಕುವ ಮುಂಚೆ ಚಿತ್ರ ಆ ಊರುಗಳಲ್ಲೇ ಓಡಬೇಕು. ನೋಡಿದ ಮೇಲೂ ಊರಿನವರು ಹೆಸರು ಬೇಕು ಅಂದರೆ ಆಗ ಹಾಕುತ್ತೇನೆ. ಟೀವೀಲಿ ಬರಲಿ ಅಂದ ತಾತನಿಗೂ ಇದನ್ನೇ ಹೇಳಿ ಬಂದೆ. "ಮೊದಲು ನಮಗೆ ತೋರಿಸು, ಆಮೇಲೆ ಲೋಕಕ್ಕೆ" ಅಂದರು.

ಮುಳಬಾಗಿಲು ಮಸಾಲೆ

ನನಗೆ ಅರ್ಧ ಸಮಾಧಾನ. ಮುಖಚಿತ್ರದಲ್ಲಿ ಮಡಕೆ ಇಲ್ಲದಿದ್ದರೆ ಪೂರ್ತಿ ಸಮಾಧಾನ.

ಶಾಸನಪ್ರಿಯೆ

ನನಗೂ ಅರ್ಧವೇ. ತಾಲ್ಲೂಕಿನ ಹೆಸರು ಮಾತ್ರ ಅನ್ನುವುದು ಹತ್ತು ವರ್ಷದ ಮೇಲೆ ಸಂಶೋಧನೆ ಮಾಡುವವರಿಗೆ ಕಷ್ಟ. ಪಟ್ಟಿಯ ಒಂದು ಪ್ರತಿ ವಿಶ್ವವಿದ್ಯಾಲಯದ ಇತಿಹಾಸ ವಿಭಾಗಕ್ಕೂ ಕೊಡಿ. ಓದಲು ಆಗದ ಸಾಲುಗಳಿದ್ದರೆ ಫೋಟೋ ಕಳಿಸಿ, ನೋಡುತ್ತೇನೆ.

ಕಪ್ಪು ಬಿಳುಪು

ಊರಲ್ಲಿ ತೋರಿಸಲು ನನ್ನ ಹತ್ತಿರ ಪ್ರೊಜೆಕ್ಟರ್ ಇದೆ, ಎರಡು ಸ್ಪೀಕರ್ ಇವೆ. ಬಾಡಿಗೆ ಬೇಡ, ಊಟ ಹಾಕಿಸಿ. ಗಡಿ ಕಡೆ ಹಳ್ಳಿಗಳಲ್ಲಿ ತೆಲುಗು ಮಾತೇ ಜಾಸ್ತಿ. ಶಾಸನದ ಓದು ಬರುವ ಕಡೆ ತೆಲುಗಿನಲ್ಲಿ ದನಿ ಕೊಡುವವರು ಇದ್ದಾರಾ?

ನೀರುಗಂಟಿ ಮೊಮ್ಮಗ

ನಮ್ಮ ಚಿಕ್ಕಪ್ಪ ಹರಿಕಥೆ ಮಾಡುತ್ತಿದ್ದವರು, ಎರಡು ಭಾಷೆಯಲ್ಲೂ ಗಂಟಲು ಚೆನ್ನಾಗಿದೆ. ಕೇಳುತ್ತೇನೆ. ಪರದೆ ಕಟ್ಟುವುದಾದರೆ ರಾಗಿ ಕಟಾವು ಮುಗಿದ ಮೇಲೆ ಇಟ್ಟುಕೊಳ್ಳಿ. ಅದಕ್ಕೂ ಮುಂಚೆ ಇಟ್ಟರೆ ನೋಡಲು ನಾಯಿಯೂ ಬರುವುದಿಲ್ಲ.